ಇಪ್ಪತ್ತು ವರ್ಷ ಅಂದಿದ್ದರು

ಸುರಪುರ
18 ನವೆಂಬರ್ 2023

ಅಣ್ಣಾ,

ಕಾಗದ ನೋಡಿ ಗಾಬರಿಯಾಗಬೇಡ, ಇಲ್ಲಿ ಇಬ್ಬರೂ ಚೆನ್ನಾಗಿದ್ದೇವೆ. ಫೋನಿನಲ್ಲಿ ಹೇಳೋಣ ಎಂದರೆ ಅಮ್ಮ ಪಕ್ಕದಲ್ಲೇ ಕೂತು ಸ್ಪೀಕರ್ ಹಾಕಿಸುತ್ತಾಳೆ. ಮೆಸೇಜ್ ಕಳಿಸಿದರೆ ಅತ್ತಿಗೆ ಅವಳಿಗೆ ಓದಿ ಹೇಳುತ್ತಾರೆ. ಇದು ಅಮ್ಮನ ಕಿವಿಗೆ ಬೀಳಬಾರದ ಮಾತು. ಅದಕ್ಕೇ ಪೀಣ್ಯದ ನಿನ್ನ ಫ್ಯಾಕ್ಟರಿ ವಿಳಾಸಕ್ಕೆ ಬರೆಯುತ್ತಿದ್ದೇನೆ. ನೀನೂ ನಮ್ಮ ವಸತಿ ಶಾಲೆಯ ವಿಳಾಸಕ್ಕೇ ಬರೆ.

ಇಲ್ಲಿ ಊರ ಹೊರಗೆ ಒಂದು ಸೈಟು ನೋಡಿದ್ದೇವೆ. ಮದುವೆಯಾದಾಗಿನಿಂದ ಶಾಲೆಯ ಕ್ವಾರ್ಟರ್ಸ್‌ನಲ್ಲೇ ಇದ್ದು ಇವರಿಗೆ ಸಾಕಾಗಿದೆ. ಸಾಲ ಕೇಳೋಣ ಎಂದು ಮೊನ್ನೆ ಬ್ಯಾಂಕಿಗೆ ಹೋದೆವು. ಮ್ಯಾನೇಜರ್ ಕಂಪ್ಯೂಟರ್ ನೋಡಿ, ಸಂಬಳ ಸಾಲದು ಎಂದರು. ಇಬ್ಬರೂ ಮೇಷ್ಟ್ರುಗಳು, ಹೇಗೆ ಸಾಲದು ಎಂದು ಇವರು ಕೇಳಿದರು. ನನ್ನ ಹೆಸರಿನಲ್ಲಿ ಆಗಲೇ ಬೆಂಗಳೂರಿನಲ್ಲಿ ಮನೆ ಸಾಲವಿದೆ ಎಂಬ ಉತ್ತರ ಬಂತು. ಅದು ನಮ್ಮಣ್ಣನದು, ನಾನು ಬರೀ ಸಹಿ ಹಾಕಿದ್ದು ಎಂದೆ. "ಸಹಿ ಹಾಕಿದ ಮ್ಯಾಲ ಇಬ್ರೂ ಸಾಲಗಾರರೇ ರೀ ಮೇಡಂ. ಬ್ಯಾಂಕಿಗೆ ಅಣ್ಣ-ತಂಗಿ ಅಂತ ಏನಿಲ್ಲ" ಎಂದರು.

ಅದನ್ನು ಹೇಗೋ ತಡೆದುಕೊಂಡೆ. ಆದರೆ ಅವರು ಇನ್ನೊಂದು ಮಾತು ಹೇಳಿದರು. ಆ ಸಾಲ ತೀರಲು ಇನ್ನೂ ಇಪ್ಪತ್ತನಾಲ್ಕು ವರ್ಷ ಇದೆಯಂತೆ.

2021ರ ಫೆಬ್ರುವರಿಯಲ್ಲಿ ನಿನ್ನ ಒಬ್ಬನ ಸಂಬಳಕ್ಕೆ ನಲವತ್ತು ಲಕ್ಷ ಕೊಡುವುದಿಲ್ಲ ಎಂದಾಗ ನಾನು ರಜೆ ಹಾಕಿ ಬಂದು ಸಹಿ ಹಾಕಿದೆ. "ಹೆಸರಿಗೆ ಮಾತ್ರ ಕಣೇ, ಇಪ್ಪತ್ತು ವರ್ಷ ಕಣ್ಣುಮುಚ್ಚಿ ಕಟ್ಟಿಬಿಟ್ರೆ ಮುಗೀತು" ಎಂದಿದ್ದೆ ನೀನು. ಮೂರು ವರ್ಷ ಆಗುತ್ತ ಬಂತು. ಹದಿನೇಳು ಉಳಿಯಬೇಕಿತ್ತು. ಇಪ್ಪತ್ತನಾಲ್ಕು ಹೇಗಾಯಿತು? ಮನೆಯ ಮೇಲೆ ಮತ್ತೇನಾದರೂ ಸಾಲ ಎತ್ತಿದ್ದೀಯಾ? ಇದ್ದರೆ ಹೇಳಿಬಿಡು. ಇವರು ಕೇಳುತ್ತಿದ್ದಾರೆ, ಏನು ಹೇಳಬೇಕೋ ನನಗೆ ಗೊತ್ತಾಗುತ್ತಿಲ್ಲ.

ನಿನ್ನ
ರಮ್ಯಾ


ಪೀಣ್ಯ
2 ಡಿಸೆಂಬರ್ 2023

ರಮ್ಯಾ,

ನಿನ್ನ ಕಾಗದ ತಲುಪಿತು. ಊಟದ ಬಿಡುವಿನಲ್ಲಿ ಓದಿದೆ. ಡಬ್ಬಿ ಹಾಗೇ ಮುಚ್ಚಿಟ್ಟೆ.

ಮೊದಲು ಒಂದು ಮಾತು. ಇದನ್ನು ಕೇಳುತ್ತಿರುವುದು ನೀನೋ, ದುಂಡೇಶ್ ಅವರೋ? ಮನೆಯ ಮೇಲೆ ನಾನು ಬೇರೆ ಒಂದು ರೂಪಾಯಿಯನ್ನೂ ಎತ್ತಿಲ್ಲ. ಅಪ್ಪನ ಪಿ.ಎಫ್. ಹಣ ಹಾಕಿ, ಮಿಕ್ಕಿದ್ದಕ್ಕೆ ಸಾಲ ಮಾಡಿ ಕೆಂಗೇರಿಯಲ್ಲಿ ಆ ಫ್ಲ್ಯಾಟ್ ತೆಗೆದುಕೊಂಡದ್ದು ಯಾರಿಗಾಗಿ ಎಂದು ನಿನಗೆ ಗೊತ್ತು. ಅಮ್ಮ ಈಗಲೂ ಬಾಗಿಲ ಮೇಲಿನ ಅಪ್ಪನ ಹೆಸರಿನ ಫಲಕವನ್ನು ದಿನಾ ಒರೆಸುತ್ತಾಳೆ.

ಪ್ರತಿ ತಿಂಗಳು ಐದನೇ ತಾರೀಕು ಕಂತು ಹೋಗುತ್ತದೆ. ಮೊದಲು ಮೂವತ್ತೊಂದು ಸಾವಿರ ಇತ್ತು, ಬಡ್ಡಿ ಏರಿತೆಂದು ಕಳೆದ ವರ್ಷ ಮೂವತ್ತೆರಡೂವರೆ ಮಾಡಿದರು. ಸಾವಿರದ ಐನೂರು ಹೆಚ್ಚಾಯಿತು, ಅಷ್ಟೇ. ಅದನ್ನೂ ತುಟಿಪಿಟಕ್ಕೆನ್ನದೆ ಕಟ್ಟುತ್ತಿದ್ದೇನೆ. ಇಪ್ಪತ್ತನಾಲ್ಕು ವರ್ಷ ಅನ್ನುವುದು ಆ ಮ್ಯಾನೇಜರ್ ಏನೋ ತಪ್ಪು ನೋಡಿ ಹೇಳಿದ್ದು. ಬಿಡುವಾದಾಗ ನಮ್ಮ ಬ್ಯಾಂಕಿಗೆ ಹೋಗಿ ಕೇಳುತ್ತೇನೆ.

ಸೈಟಿನ ವಿಷಯ ಅವಸರವೇನಿಲ್ಲವಲ್ಲ? ನಿಧಾನವಾಗಿ ನೋಡಿ.

ಭೈರೇಶ


ಸುರಪುರ
21 ಡಿಸೆಂಬರ್ 2023

ಅಣ್ಣಾ,

ಅವಸರವಿದೆಯೋ ಇಲ್ಲವೋ, ಅದು ಬಿಡು. ಇವರು ಕೇಳಲಿಲ್ಲ, ನಾನೇ ಕೇಳಿದ್ದು. ನಿನ್ನ ಮೇಲೆ ಅನುಮಾನಪಟ್ಟದ್ದಕ್ಕೆ ಬೇಜಾರು ಮಾಡಿಕೊಳ್ಳಬೇಡ. ಬೇರೆ ಸಾಲ ಇಲ್ಲ ಎಂದರೆ ನಂಬುತ್ತೇನೆ. ಆದರೆ ಮ್ಯಾನೇಜರ್ ತಪ್ಪು ನೋಡಿಲ್ಲ.

ಎಂಟನೇ ತರಗತಿಗೆ ಚಕ್ರಬಡ್ಡಿ ಹೇಳಿಕೊಡುವವಳು ನಾನು. ನಿನ್ನ ಕಾಗದ ಬಂದ ದಿನ ಕೂತು ನಮ್ಮ ಸಾಲವನ್ನೇ ಲೆಕ್ಕ ಹಾಕಿದೆ. ಮೂರು ವರ್ಷದ ಹಿಂದೆ ಮಾಡಬೇಕಾಗಿದ್ದ ಲೆಕ್ಕ.

ನಾವು ಸಹಿ ಹಾಕಿದಾಗ ಬಡ್ಡಿ ಶೇಕಡ ಏಳು. ಈಗ ಒಂಬತ್ತೂ ಕಾಲು. ಆ ಏರಿಕೆಯನ್ನು ಪೂರ್ತಿ ಕಂತಿಗೆ ಹಾಕಿದ್ದರೆ ನಿನಗೆ ಮೊದಲ ತಿಂಗಳೇ ತಿಳಿಯುತ್ತಿತ್ತು, ಹೋಗಿ ಜಗಳ ಆಡುತ್ತಿದ್ದೆ. ಹಾಗೆ ಮಾಡಲಿಲ್ಲ. ಕಂತಿಗೆ ಸ್ವಲ್ಪ ಹಾಕಿ, ಉಳಿದುದನ್ನು ವರ್ಷಗಳ ಮೇಲೆ ಹಾಕಿದರು. ಕಂತು ಕೈಗೆ ತಗಲುತ್ತದೆ, ವರ್ಷ ತಗಲುವುದಿಲ್ಲ.

ನೀನು ಈಗ ಕಟ್ಟುವ ಮೂವತ್ತೆರಡೂವರೆ ಸಾವಿರದಲ್ಲಿ ಇಪ್ಪತ್ತೊಂಬತ್ತು ಸಾವಿರ ಬಡ್ಡಿಗೇ ಹೋಗುತ್ತಿದೆ. ಮನೆಗೆ ಸೇರುವುದು ಮೂರೂವರೆ ಸಾವಿರ. ಇಲ್ಲಿಯವರೆಗೆ ಹತ್ತು ಲಕ್ಷಕ್ಕೂ ಮೇಲೆ ಕಟ್ಟಿದ್ದೀಯ, ಅಸಲು ಇಳಿದಿರುವುದು ಎರಡೂವರೆ ಲಕ್ಷ. ಇದೇ ರೀತಿ ಹೋದರೆ ನಲವತ್ತು ಲಕ್ಷಕ್ಕೆ ಒಟ್ಟು ಒಂದು ಕೋಟಿ ನಾಲ್ಕು ಲಕ್ಷ ಕಟ್ಟುತ್ತೇವೆ. ಕೊನೆಯ ಕಂತಿಗೆ ನಿನಗೆ ಅರವತ್ತನಾಲ್ಕು ವರ್ಷ. ನಿಮ್ಮ ಫ್ಯಾಕ್ಟರಿಯಲ್ಲಿ ಅರವತ್ತರ ಮೇಲೆ ಯಾರನ್ನು ಇಟ್ಟುಕೊಂಡಿದ್ದಾರೆ?

ತಿಂಗಳಿಗೆ ನಲವತ್ತು ಸಾವಿರ ಕಟ್ಟಿದರೆ ಹದಿನಾಲ್ಕೇ ವರ್ಷಕ್ಕೆ ಮುಗಿಯುತ್ತದೆ. ನಾನು ಮೂರು ಸಲ ಲೆಕ್ಕ ಹಾಕಿ ನೋಡಿದೆ. ಏಳೂವರೆ ಸಾವಿರ ಹೆಚ್ಚು ಕಟ್ಟಿದರೆ ಹತ್ತು ವರ್ಷ ಕಡಿಮೆ. ಬೇಗ ಕಟ್ಟಿದಷ್ಟೂ ಲಾಭ, ಏಕೆಂದರೆ ಈಗಿನ ವರ್ಷಗಳಲ್ಲೇ ಬಡ್ಡಿ ಹೆಚ್ಚು ತಿನ್ನುವುದು. ಅದು ಆಗದಿದ್ದರೆ ಬ್ಯಾಂಕಿನಲ್ಲಿ ಕೇಳಿ ನನ್ನ ಹೆಸರನ್ನಾದರೂ ತೆಗೆಸು.

ರಮ್ಯಾ


ಪೀಣ್ಯ
9 ಜನವರಿ 2024

ರಮ್ಯಾಗೆ,

ಲೆಕ್ಕ ಓದಿದೆ. ನನ್ನಂಥ ಐ.ಟಿ.ಐ. ಓದಿದವನಿಗೂ ಅರ್ಥವಾಗುವ ಹಾಗೆ ಬರೆದಿದ್ದೀಯ.

ನಲವತ್ತು ಸಾವಿರ ಕಟ್ಟು ಎಂದು ಕಾಗದದಲ್ಲಿ ಬರೆಯುವುದು ಸುಲಭ. ಕ್ವಾರ್ಟರ್ಸ್‌ನಲ್ಲಿ ಇರುವವರಿಗೆ ಬೆಂಗಳೂರಿನಲ್ಲಿ ಹಾಲಿನಿಂದ ಹಿಡಿದು ಅಮ್ಮನ ಶುಗರ್ ಮಾತ್ರೆಯವರೆಗೆ ಏನೇನು ಎಷ್ಟೆಷ್ಟಾಗಿದೆ ಎಂಬುದು ತಿಳಿಯುವುದಿಲ್ಲ. ನಾನು ಬಾಯಿಬಿಟ್ಟು ಹೇಳಿಲ್ಲ, ಹೇಳುವುದೂ ಇಲ್ಲ.

ಹೆಸರು ತೆಗೆಸು ಎಂದೆಯಲ್ಲ, ಅದು ಮಾತ್ರ ಮನಸ್ಸಿಗೆ ಚುಚ್ಚಿತು. ನಿನ್ನ ಹೆಸರು ಮನೆಯ ಪತ್ರದಲ್ಲಿ ಇರಬೇಕೆಂದು ಅವತ್ತು ಅಮ್ಮ ಎಷ್ಟು ಆಸೆಪಟ್ಟಿದ್ದಳು. ಮಗಳಿಗೂ ಇದರಲ್ಲಿ ಪಾಲಿದೆ ಎಂದು ನಾವು ಬಾಡಿಗೆಗಿದ್ದ ಲಗ್ಗೆರೆಯ ಹಳೇ ಬೀದಿಯವರಿಗೆಲ್ಲ ಹೇಳಿಕೊಂಡು ಬಂದಿದ್ದಳು. ಈಗ ನಿನಗೆ ಅದು ಭಾರವಾಯಿತು. ನಿಮ್ಮ ಮನೆ ಕಟ್ಟುವುದಕ್ಕೆ ನಮ್ಮ ಮನೆ ಅಡ್ಡ ಬಂತು. ದುಂಡೇಶ್ ಅವರಿಗೆ ಹೇಳು, ಭಾವನೋರು ಬೇಕಾದರೆ ಬಂದು ಮನೆಯನ್ನೇ ಮಾರಿಸಿ ಪಾಲು ತೆಗೆದುಕೊಂಡು ಹೋಗಲಿ.

ಸಂಕ್ರಾಂತಿಗೆ ಬರುತ್ತೀರಾ ಎಂದು ಅಮ್ಮ ಕೇಳುತ್ತಿದ್ದಾಳೆ. ಏನು ಹೇಳಲಿ ತಿಳಿಸು.

ಭೈರೇಶ


ಸುರಪುರ
25 ಜನವರಿ 2024

ಅಣ್ಣಾ,

ಹಬ್ಬಕ್ಕೆ ಬರಲಾಗಲಿಲ್ಲ. ಅಮ್ಮನಿಗೆ ಪರೀಕ್ಷೆ ಕೆಲಸವೆಂದು ಹೇಳಿದ್ದೇನೆ, ನೀನೂ ಅದನ್ನೇ ಹೇಳು.

ಪಾಲು ಕೇಳಿದವಳು ನಾನಲ್ಲ, ಇವರೂ ಅಲ್ಲ. ನಿನ್ನ ಕಾಗದವನ್ನು ಇವರಿಗೆ ತೋರಿಸಲಿಲ್ಲ. ತೋರಿಸಿದ್ದರೆ ಇನ್ನು ನಮ್ಮ ಮನೆಯ ಹೊಸಿಲು ತುಳಿಯುತ್ತಿರಲಿಲ್ಲ.

ಬ್ಯಾಂಕಿಗೆ ಹೋಗಿದ್ದೆಯಾ? ಇಷ್ಟಕ್ಕೆ ಮಾತ್ರ ಉತ್ತರ ಬರೆ.

ರಮ್ಯಾ


ಸುರಪುರ
19 ಏಪ್ರಿಲ್ 2024

ಏನೆಂದು ಕರೆದು ಬರೆಯಬೇಕೋ ತಿಳಿಯದೆ ಹಾಗೇ ಶುರು ಮಾಡುತ್ತಿದ್ದೇನೆ.

ಜನವರಿಯಿಂದ ನಿನ್ನ ಒಂದು ಸಾಲು ಇಲ್ಲ. ಫೋನ್ ಮಾಡಿದರೆ ಅಮ್ಮನ ಕೈಗೆ ಕೊಟ್ಟು ಎದ್ದು ಹೋಗುತ್ತೀಯ. ನಿನ್ನೆ ನಾನು ಮಕ್ಕಳ ಅಂಕಪಟ್ಟಿ ಬರೆಯುತ್ತ ಸ್ಟಾಫ್ ರೂಮಿನಲ್ಲಿದ್ದೆ. ಹೆಡ್‌ಮಾಸ್ಟರ್ ಕರೆಸಿದರು. ಶಾಲೆಯ ಫೋನಿಗೆ ಯಾರೋ ಕರೆ ಮಾಡಿ ನನ್ನನ್ನು ಕೇಳುತ್ತಿದ್ದಾರೆ ಎಂದರು. ರಿಸೀವರ್ ಕಿವಿಗಿಟ್ಟರೆ ಬೆಂಗಳೂರಿನಿಂದ ಸಾಲ ವಸೂಲಿಯವನು.

"ನಿಮ್ಮಣ್ಣ ಎರಡು ಕಂತು ಬೌನ್ಸ್ ಮಾಡವ್ನೆ ಮೇಡಂ. ಫೋನ್ ಎತ್ತಲ್ಲ. ನೀವು ಗವರ್ಮೆಂಟ್ ಟೀಚರ್ ಅಲ್ವಾ, ಸಂಬಳದಲ್ಲೇ ಹಿಡಿಸೋಣ ಬಿಡಿ" ಎಂದ. ಅವನ ದನಿ ಎಷ್ಟು ದೊಡ್ಡದಿತ್ತೆಂದರೆ ರಿಸೀವರಿನಿಂದ ಹೊರಗೆ ಕೇಳುತ್ತಿತ್ತು. ಹೆಡ್‌ಮಾಸ್ಟರ್ ಕೇಳಿಸಿಕೊಳ್ಳದವರಂತೆ ಕಿಟಕಿಯ ಕಡೆ ತಿರುಗಿದರು. ಜವಾನ ನಿಂತೇ ಇದ್ದ. ಸಂಜೆಯೊಳಗೆ ಇಡೀ ಶಾಲೆಗೆ ಗೊತ್ತಾಯಿತು.

ಮಾರ್ಚ್, ಏಪ್ರಿಲ್ ಎರಡೂ ಕಂತು ನಾನು ಕಟ್ಟಿದ್ದೇನೆ. ಅರವತ್ತೈದು ಸಾವಿರ, ಅದರ ಮೇಲೆ ದಂಡ. ಇವರಿಗೆ ಹೇಳಿಯೇ ಕಟ್ಟಿದೆ. ಇವರೇ ಪಾಸ್‌ಬುಕ್ ತಂದುಕೊಟ್ಟರು. ಬೈದಿದ್ದರೆ ಚೆನ್ನಾಗಿತ್ತು.

ಇನ್ನೊಂದು ವಿಷಯ ನಿನಗೆ ಹೇಳದೆ ಇಟ್ಟಿದ್ದೆ. ಸೈಟಿಗೆ ನಾವು ಆಗಲೇ ಎರಡು ಲಕ್ಷ ಮುಂಗಡ ಕೊಟ್ಟಿದ್ದೆವು. ಜನವರಿ ಕೊನೆಯೊಳಗೆ ರಿಜಿಸ್ಟರ್ ಮಾಡಿಸದಿದ್ದರೆ ಹಣ ವಾಪಸ್ ಇಲ್ಲ ಎಂಬ ಕರಾರು. ನಿನ್ನ ಮೇಲೆ ಒತ್ತಡ ಹಾಕಬಾರದೆಂದು ನಾನು ಅವಸರವಿಲ್ಲದವಳಂತೆ ಬರೆದೆ. ನೀನು ಪಾಲು ಕೇಳಿದಳು ಎಂದು ಓದಿಕೊಂಡೆ. ಮುಂಗಡ ಹೋಯಿತು. ಸೈಟನ್ನು ಬೇರೆಯವರು ತೆಗೆದುಕೊಂಡರು.

ನೀನು ಆ ಹಣ ಏನು ಮಾಡಿದೆ? ಇಸ್ಪೀಟೋ, ಬೇರೆ ಇನ್ನೇನೋ, ಏನಾದರೂ ಇರಲಿ. ಸುಳ್ಳು ಮಾತ್ರ ಬರೆಯಬೇಡ.

ರಮ್ಯಶ್ರೀ


ಕೆಂಗೇರಿ
3 ಮೇ 2024

ರಮ್ಯಾ,

ಇದನ್ನು ಮೆಟ್ರೋ ಸ್ಟೇಷನ್‌ನಲ್ಲಿ ಕೂತು ಬರೆಯುತ್ತಿದ್ದೇನೆ. ಮನೆಯಲ್ಲಿ ಆಗುವುದಿಲ್ಲ.

ಇಸ್ಪೀಟಲ್ಲ. ಡಿಸೆಂಬರಿನಲ್ಲಿ ಫ್ಯಾಕ್ಟರಿಯಲ್ಲಿ ಓ.ಟಿ. ನಿಲ್ಲಿಸಿದರು. ಆರ್ಡರ್ ಇಲ್ಲವಂತೆ. ತಿಂಗಳಿಗೆ ಹದಿನಾಲ್ಕು ಸಾವಿರ ಕಡಿಮೆಯಾಯಿತು. ನೀನು ನಲವತ್ತು ಸಾವಿರ ಕಟ್ಟು ಎಂದು ಬರೆದ ಕಾಗದ ಅದೇ ವಾರ ಬಂತು. ನನ್ನ ಸಿಟ್ಟು ಯಾರ ಮೇಲೋ ಇತ್ತು, ನಿನ್ನ ಮೇಲೆ ಹಾಕಿದೆ.

ಮನೆಯಲ್ಲಿ ಓ.ಟಿ. ಇದೆ ಎಂದೇ ಹೇಳಿಕೊಂಡು ಬಂದೆ. ಶಿಫ್ಟ್ ಮುಗಿಸಿ ನಾಗರಬಾವಿಗೆ ಹೋಗಿ ಹಾಸ್ಟೆಲ್ ಹುಡುಗರಿಗೆ ಊಟದ ಪಾರ್ಸೆಲ್ ತಲುಪಿಸುತ್ತಿದ್ದೆ. ಜೊತೆಯಲ್ಲಿ ಓಡಿಸುವವರೆಲ್ಲ ಉತ್ತರ ಕರ್ನಾಟಕದ ಹುಡುಗರು, ನನ್ನ ಅರ್ಧ ವಯಸ್ಸಿನವರು. "ಅಣ್ಣ, ಮ್ಯಾಪ್ ನೋಡಿ ಟೈಮ್ ವೇಸ್ಟ್ ಮಾಡಬ್ಯಾಡ, ನಾವು ದಾರಿ ಹೇಳ್ತೀವಿ" ಎಂದು ಸಹಾಯ ಮಾಡುತ್ತಿದ್ದರು. ಫೆಬ್ರುವರಿಯಲ್ಲಿ ಉಲ್ಲಾಳ ರಸ್ತೆಯಲ್ಲಿ ಗಾಡಿ ಜಾರಿ ಮೊಣಕಾಲು ಊದಿಕೊಂಡಿತು. ಮೆಟ್ಟಿಲಿಂದ ಬಿದ್ದೆ ಎಂದೆ. ಪಾರ್ಸೆಲ್ ಕೆಲಸ ನಿಂತಿತು, ಕಂತೂ ನಿಂತಿತು. ಇಷ್ಟೇ ನಡೆದದ್ದು. ನಿನಗೆ ಹೇಳಬೇಕಿತ್ತು. ಹೇಳಿದರೆ ನಿನ್ನ ಲೆಕ್ಕವೇ ಸರಿ ಎಂದು ಒಪ್ಪಿಕೊಂಡಂತೆ ಆಗುತ್ತಿತ್ತು.

ನಿನ್ನ ಕಾಗದ ಬಂದ ಮಾರನೇ ದಿನ ರಜೆ ಹಾಕಿ ಬ್ಯಾಂಕಿಗೆ ಹೋದೆ. ಅಲ್ಲಿನ ಹುಡುಗಿ ಮರ್ಯಾದೆಯಿಂದಲೇ ಕೂರಿಸಿದಳು. ನನ್ನನ್ನು ಕೇಳದೆ ಅವಧಿ ಯಾಕೆ ಹೆಚ್ಚಿಸಿದಿರಿ ಎಂದೆ. "ಮೆಸೇಜ್ ಕಳಿಸಿದ್ವಲ್ಲ ಸಾರ್" ಎಂದಳು. ಅಲ್ಲೇ ಮೊಬೈಲ್ ತೆಗೆದು ಹುಡುಕಿದೆ. ಇತ್ತು. ಕ್ರೆಡಿಟ್ ಕಾರ್ಡ್ ಬೇಕಾ ಅನ್ನುವ ಮೆಸೇಜುಗಳ ಮಧ್ಯೆ ಇಂಗ್ಲಿಷಿನಲ್ಲಿ ಎರಡು ಸಾಲು. ನಾನು ಅದನ್ನು ತೆರೆದೇ ಇರಲಿಲ್ಲ.

ಆಮೇಲೆ ಅವಳು ಸ್ಕ್ರೀನ್ ನನ್ನ ಕಡೆ ತಿರುಗಿಸಿದಳು. ಕೊನೆಯ ಕಂತು 2047. ನೀನು ಬರೆದದ್ದೇ. ನಿನ್ನ ಅಕ್ಷರದಲ್ಲಿ ಓದಿದಾಗ ನೀನು ಜಗಳಕ್ಕೆ ಬರೆದದ್ದು ಅನ್ನಿಸಿತ್ತು. ಅಲ್ಲಿ ನೋಡಿದ ಮೇಲೆ ನಂಬಲೇಬೇಕಾಯಿತು. ಇಲ್ಲಿ ಬಂದು ಕೂತೆ. ಎಷ್ಟೋ ರೈಲು ಬಂದು ಹೋದವು, ಹತ್ತಲಿಲ್ಲ.

ಮಾರಿಬಿಡಲಾ? ಅಮ್ಮನಿಗೆ ಹೇಳುವ ಧೈರ್ಯ ನನಗಿಲ್ಲ. ಶಾಲೆಯಲ್ಲಿ ನಿನಗಾದ ಅವಮಾನಕ್ಕೆ ಕ್ಷಮಿಸು ಎಂದು ಬರೆದರೆ ಸಾಲದು ಎಂದು ಗೊತ್ತು. ಆದರೂ ಕ್ಷಮಿಸು.

ನಿನ್ನ ಅಣ್ಣ
ಭೈರೇಶ


ಸುರಪುರ
16 ಮೇ 2024

ಅಣ್ಣಾ,

ಮೊದಲು ಮೊಣಕಾಲು ತೋರಿಸು. ಊತ ಇಳಿಯಿತೆಂದು ಸುಮ್ಮನಾಗಬೇಡ.

ಕ್ಷಮಿಸಿದ್ದೇನೆ ಎಂದು ಬರೆಯುವುದಿಲ್ಲ. ಸ್ಟಾಫ್ ರೂಮಿಗೆ ಈಗಲೂ ಯಾರೂ ಇಲ್ಲದ ಹೊತ್ತು ನೋಡಿ ಹೋಗುತ್ತೇನೆ. ಸಮಯ ಬೇಕು. ಆದರೆ ನಾಗರಬಾವಿಯ ಹಾಸ್ಟೆಲ್ ಮೆಟ್ಟಿಲು ಹತ್ತುತ್ತಿದ್ದ ನಿನ್ನನ್ನು ನೆನೆದು ಎರಡು ದಿನ ನಾನೂ ಸರಿಯಾಗಿ ಊಟ ಮಾಡಲಿಲ್ಲ. ನಿನ್ನ ಈ ಕಾಗದವನ್ನು ಇವರಿಗೆ ಓದಲು ಕೊಟ್ಟೆ. ಓದಿ ಮಡಚಿಟ್ಟು, "ನಾ ಏನೇನೋ ತಿಳ್ಕೊಂಡಿದ್ದೆ" ಎಂದಷ್ಟೇ ಹೇಳಿ ಹೊರಗೆ ಹೋದರು.

ಮಾರಬೇಡ. ಈಗ ಮಾರಿದರೆ ಇಷ್ಟು ದಿನ ಕಟ್ಟಿದ್ದೆಲ್ಲ ಬಡ್ಡಿಗೆ ಹೋದದ್ದು ಹೋದಂತೆಯೇ. ಬಾಡಿಗೆಗೆ ಕೊಡು. ಮೆಟ್ರೋ ಬಂದಮೇಲೆ ಅಲ್ಲಿ ಎರಡು ಬೆಡ್‌ರೂಮಿನ ಮನೆಗೆ ಹತ್ತೊಂಬತ್ತು ಸಾವಿರ ಸಿಗುತ್ತದಂತೆ, ವಿಚಾರಿಸಿದೆ. ನೀವು ಲಗ್ಗೆರೆಗೆ ವಾಪಸ್ ಹೋಗಿ. ಒಂಬತ್ತು ಸಾವಿರಕ್ಕೆ ಚಿಕ್ಕದೊಂದು ಮನೆ ಸಿಗುತ್ತದೆ, ಫ್ಯಾಕ್ಟರಿಗೆ ನಡೆದೇ ಹೋಗಬಹುದು. ಉಳಿಯುವ ಹತ್ತು ಸಾವಿರವನ್ನು ಮುಟ್ಟದೆ ಕಂತಿಗೆ ಸೇರಿಸು. ಸ್ವಂತ ಮನೆ ಬಿಟ್ಟು ಬಾಡಿಗೆ ಮನೆಗೆ ಹೋಗುವುದು ಹುಚ್ಚಿನಂತೆ ಕಾಣುತ್ತದೆ, ನನಗೂ ಕಂಡಿತು. ಆದರೆ ಲೆಕ್ಕದಲ್ಲಿ ಇದೊಂದೇ ದಾರಿ ನಿಲ್ಲುತ್ತದೆ.

ಅಮ್ಮನಿಗೆ ನೀನೇ ಹೇಳಬೇಕು. ಅತ್ತಿಗೆಗೆ ಮೊದಲು ಹೇಳು.

ರಮ್ಯಾ


ಪೀಣ್ಯ
1 ಜುಲೈ 2024

ರಮ್ಯಾ,

ವರಲಕ್ಷ್ಮಿಗೆ ಹೇಳಿದೆ. ಅತ್ತಳು, ಆಮೇಲೆ ಮುಖ ತೊಳೆದುಕೊಂಡು ಬಂದು, ತಾನೂ ಕೆಲಸಕ್ಕೆ ಹೋಗುತ್ತೇನೆ ಎಂದಳು. ಮದುವೆಗೆ ಮುಂಚೆ ಗಾರ್ಮೆಂಟ್ಸ್‌ನಲ್ಲಿ ಲೆಕ್ಕ ಬರೆಯುತ್ತಿದ್ದವಳಲ್ಲವೇ.

ಅಮ್ಮನಿಗೆ ಹತ್ತು ದಿನದ ಹಿಂದೆ ಹೇಳಿದೆ. ಕೇಳುತ್ತಲೇ ಸೊಪ್ಪು ಬಿಡಿಸಿ ಮುಗಿಸಿದಳು. ಕೊನೆಗೆ, "ನನ್ನ ಮನೇಲಿ ಇನ್ಯಾರೋ ಒಲೆ ಹಚ್ಚೋದಾ? ಅದೇ ಬೀದಿಗೆ ವಾಪಸ್ ಹೋಗಿ ಆ ಜನಕ್ಕೆ ಏನಂತ ಹೇಳ್ಲಿ? ಮಗ ಸಾಕಲಾರ್ದೆ ವಾಪಸ್ ಕರ್ಕೊಂಡ್ ಬಂದ ಅನ್ಲಾ?" ಎಂದಳು.

ಆಮೇಲೆ ಕೇಳಿದಳು, "ಇದು ರಮ್ಯನ ಬುದ್ಧೀನಾ?"

ನಾನು ಮಾತಾಡಲಿಲ್ಲ. ಅಲ್ಲ, ಇದು ನನ್ನ ತಪ್ಪಿಂದ ಆದದ್ದು ಅನ್ನಬೇಕಿತ್ತು. ನಾಲಿಗೆ ಏಳಲಿಲ್ಲ. ಸುಮ್ಮನಿದ್ದದ್ದನ್ನೇ ಅವಳು ಹೌದು ಎಂದುಕೊಂಡಳು. "ಮದ್ವೆ ಆದ್ಮೇಲೆ ಹೆಣ್ಮಕ್ಕಳಿಗೆ ತೌರು ಲೆಕ್ಕ ಆಗೋಗುತ್ತೆ" ಎಂದು ಎದ್ದು ಹೋದಳು. ಅಂದಿನಿಂದ ಯಾರ ಜೊತೆಯೂ ಮಾತಿಲ್ಲ. ನಿನ್ನ ಫೋನ್ ಬಂದರೆ ಸ್ನಾನಕ್ಕೆ ಹೋಗುತ್ತಾಳೆ.

ಸರಿಮಾಡುತ್ತೇನೆ. ಒಂದೆರಡು ದಿನ ಕೊಡು.

ಭೈರೇಶ


ಸುರಪುರ
10 ಜುಲೈ 2024

ಅಣ್ಣಾ,

ಅಮ್ಮ ಫೋನ್ ತೆಗೆದುಕೊಳ್ಳದಿದ್ದದ್ದು ಯಾಕೆ ಎಂದು ಈಗ ತಿಳಿಯಿತು. ನಿನ್ನ ಕಾಗದವನ್ನು ಹರಿದು ಹಾಕಬೇಕೆನ್ನಿಸಿತು. ಎಲ್ಲಿ ನಿನಗೆ ಕಷ್ಟವೋ ಅಲ್ಲಿ ನೀನು ಸುಮ್ಮನಾಗುತ್ತೀಯ, ಆ ಸುಮ್ಮನಿರುವುದರ ಬೆಲೆ ಪ್ರತಿ ಸಲ ಬೇರೆಯವರು ಕೊಡುತ್ತಾರೆ.

ಆದರೆ ಎರಡು ದಿನ ಯೋಚಿಸಿದೆ. ಈಗಲೇ ಸರಿಮಾಡಬೇಡ. ನಿನ್ನ ತಪ್ಪು ಎಂದು ತಿಳಿದರೆ ಅಮ್ಮ ನಿನ್ನ ಮೇಲೆ ಮರುಕಪಟ್ಟು, ಹೇಗೋ ಕಟ್ಟೋಣ ಬಿಡು ಎಂದು ತನ್ನ ಸರ ತೆಗೆದುಕೊಟ್ಟು ಅಲ್ಲೇ ಕೂತುಬಿಡುತ್ತಾಳೆ. ನನ್ನ ಮೇಲಿನ ಸಿಟ್ಟಿಗಾದರೂ ಗಂಟು ಕಟ್ಟಿಯಾಳು. ಹೌದು, ರಮ್ಯಾನೇ ಹೇಳಿದ್ದು ಎಂದು ಹೇಳು. ಹೇಗೂ ನಾನೇ ತಾನೆ ಹೇಳಿದ್ದು.

ಲಗ್ಗೆರೆಯಲ್ಲಿ ಕಾಲಿಟ್ಟ ದಿನ ಮಾತ್ರ ನಿಜ ಹೇಳು. ಇದೊಂದನ್ನು ನನಗಾಗಿ ಮಾಡು. ಅವತ್ತೂ ಸುಮ್ಮನಿದ್ದರೆ ನಾನು ಇನ್ನು ಬರೆಯುವುದಿಲ್ಲ.

ರಮ್ಯಾ


ಲಗ್ಗೆರೆ
22 ಸೆಪ್ಟೆಂಬರ್ 2024

ಪ್ರೀತಿಯ ರಮ್ಯಾ,

ನೀನು ಹೇಳಿದಂತೆಯೇ ಆಯಿತು. ಅಮ್ಮ ನಿನ್ನನ್ನು ಬೈದುಕೊಂಡೇ ಪಾತ್ರೆ ಕಟ್ಟಿದಳು. ಮನೆ ಸಿಕ್ಕಿರುವುದು ಹಳೇ ಬೀದಿಯಿಂದ ಎರಡು ತಿರುವು ಆಚೆ. ಸಾಮಾನು ಇಳಿಸಿ ಹಾಲು ಉಕ್ಕಿಸಿದ ಮೇಲೆ, ನೀರು ಕುಡಿಯುತ್ತಿದ್ದವಳ ಮುಂದೆ ಕೂತು ಎಲ್ಲ ಹೇಳಿದೆ. ಓ.ಟಿ., ಪಾರ್ಸೆಲ್, ಮೊಣಕಾಲು, ನಿನ್ನ ಶಾಲೆಗೆ ಬಂದ ಫೋನು, ನಿನ್ನ ಎರಡು ಲಕ್ಷ. ಯಾವುದನ್ನೂ ಬಿಡಲಿಲ್ಲ. ಅಮ್ಮ ಲೋಟ ಕೆಳಗಿಟ್ಟು, "ಅವಳನ್ನ ಬಯ್ಯಕ್ಕೆ ಬಿಟ್ಟು ಕೂತಿದ್ಯಲ್ಲೋ" ಎಂದಳು. ಹೊಡೆಯುತ್ತಾಳೆ ಅಂದುಕೊಂಡೆ. ಹೊಡೆಯಲಿಲ್ಲ. ಹೋದ ಭಾನುವಾರ ನಿನಗೆ ಅವಳೇ ಫೋನ್ ಮಾಡಿದ್ದು ಅದಕ್ಕೇ. ನೀವಿಬ್ಬರೂ ಏನು ಮಾತಾಡಿದಿರೋ ನಾನು ಕೇಳಲಿಲ್ಲ.

ಕಂತನ್ನು ನಲವತ್ತು ಸಾವಿರಕ್ಕೆ ಏರಿಸಿ ಅರ್ಜಿ ಕೊಟ್ಟೆ. ಹದಿನಾಲ್ಕು ವರ್ಷ ಎಂದು ಬರೆಸಿಕೊಂಡು ಬಂದಿದ್ದೇನೆ. ಈ ಸಲ ಬ್ಯಾಂಕಿನಿಂದ ಬರುವ ಪ್ರತಿ ಮೆಸೇಜನ್ನೂ ವರಲಕ್ಷ್ಮಿ ಓದುತ್ತಾಳೆ. ಅವಳು ಕೆಲಸಕ್ಕೆ ಸೇರಿದ್ದಾಳೆ. ಆರು ತಿಂಗಳ ಸಂಬಳದ ಚೀಟಿ ತೋರಿಸಿದರೆ ನಿನ್ನ ಹೆಸರಿನ ಜಾಗಕ್ಕೆ ಅವಳ ಹೆಸರು ಸೇರಿಸಲು ಆಗುತ್ತದೋ ನೋಡೋಣ ಎಂದಿದ್ದಾರೆ. ಆಗಿಯೇ ಆಗುತ್ತದೆ ಎಂದು ನಾನು ಬರೆಯುವುದಿಲ್ಲ. ನಿನ್ನ ಅರವತ್ತೈದರಲ್ಲಿ ಇಪ್ಪತ್ತು ಸಾವಿರ ಕಳಿಸಿದ್ದೇನೆ. ಮುಂಗಡದ ಎರಡು ಲಕ್ಷಕ್ಕೆ ನನ್ನ ಹತ್ತಿರ ಈಗ ದಾರಿ ಇಲ್ಲ. ದುಂಡೇಶ್ ಅವರಿಗೆ ಬೇರೆ ಕಾಗದ ಬರೆದಿದ್ದೇನೆ, ಅದು ಅವರಿಗೇ.

ನಿನ್ನೆ ಕೆಂಗೇರಿ ಮನೆಯ ಕೀಲಿ ಕೊಡಲು ಹೋಗಿದ್ದೆ. ಅಮ್ಮನೂ ಬರುತ್ತೇನೆ ಎಂದಳು. ಬೇಡ ಎಂದರೂ ಕೇಳಲಿಲ್ಲ. ಬಾಡಿಗೆಗೆ ಬಂದಿರುವವರು ಕೊಪ್ಪಳದ ಕಡೆಯ ಗಂಡ ಹೆಂಡತಿ, ಹೊಸದಾಗಿ ಮದುವೆಯಾದವರು. ಆ ಹುಡುಗಿಯ ಹೆಸರು ಸುವರ್ಣಾ. ಅಮ್ಮ ಒಳಗೆ ಹೋಗಿ ಅಡುಗೆಮನೆ, ಬಚ್ಚಲು, ಎಲ್ಲ ಕಡೆ ಒಂದು ಸುತ್ತು ಹಾಕಿದಳು. ಯಾವ ನಲ್ಲಿ ಗಟ್ಟಿ ತಿರುಗಿಸಬೇಕು, ಯಾವ ಕಿಟಕಿಯಲ್ಲಿ ಬಿಸಿಲು ಬರುತ್ತದೆ ಎಂದು ಹೇಳಿಕೊಟ್ಟಳು. ದನಿಯಲ್ಲಿ ಏರಿಳಿತವಿರಲಿಲ್ಲ. ನಾನು ಯಾವ ಗಳಿಗೆಯಲ್ಲಿ ಅಳುತ್ತಾಳೋ ಎಂದು ಬಾಗಿಲಲ್ಲೇ ನಿಂತಿದ್ದೆ.

ಹೊರಡುವಾಗ ಆ ಹುಡುಗಿ ಗೋಡೆಯ ಹತ್ತಿರ ಮದುವೆಯ ಫೋಟೋ ಹಿಡಿದುಕೊಂಡು ನಿಂತಿದ್ದಳು. ಅಮ್ಮನ ಮುಖ ನೋಡಿ ಮೆಲ್ಲಗೆ, "ಆಂಟಿ, ಇಲ್ಲೊಂದು ಮೊಳೆ ಹೊಡೀಬೌದೇನ್ರಿ? ಮನೀ ಓನರ್ ಬ್ಯಾಡ ಅಂದ್ರ ಬಿಡ್ತೀವಿ" ಎಂದಳು.

ಅಮ್ಮ ಗೋಡೆಯ ಹತ್ತಿರ ಹೋಗಿ ಆ ಜಾಗವನ್ನು ಅಂಗೈಯಿಂದ ಒರೆಸಿದಳು.

"ಹೊಡಿಯಮ್ಮ, ಎಷ್ಟು ಬೇಕೋ ಅಷ್ಟು ಹೊಡ್ಕೊ" ಎಂದಳು. "ನಮಗೆ ಯಾವ ಓನರೂ ಒಂದು ಮೊಳೆ ಹೊಡಿಯಕ್ಕೆ ಬಿಟ್ಟಿರ್ಲಿಲ್ಲ."

ನಿನ್ನ ಅಣ್ಣ
ಭೈರೇಶ